ಕಮಾಲ್ದೊಲಿಯ ತಪೋವನ

ತಪೋವನವೆಂದೊಡನೆ ನಿಮ್ಮ ಕಣ್ಣ ಮುಂದೆ ಎಲೆವನೆ, ಜಿಂಕೆ, ಹೋಮಧೂಮ ಸುಳಿದಾವು. ಇಟಲಿಯ ಟಸ್ಕನಿ ಸೀಮೆಯಲ್ಲಿಯೂ ತಪೋವನವೊಂದುಂಟು. ಅಲ್ಲಿ ಮಾತ್ರ ಪರ್ಣಶಾಲೆಯಲ್ಲ, ಕಲ್ಲಿನ ಕುಟೀರ. ಹೆಸರು ಕಮಾಲ್ದೊಲಿ. ಹನ್ನೊಂದನೆಯ ಶತಮಾನದ ಆದಿಭಾಗದಲ್ಲಿ ರೊಮುವಾಲ್ದನೆಂಬ ಕ್ರೈಸ್ತ ಯತಿ, ಸುಮಾರು 1,100 ಮೀಟರು ಎತ್ತರದ ದಟ್ಟಡವಿಯಲ್ಲಿ ಐದು ಕುಟೀರಗಳನ್ನೂ ಒಂದು ಪ್ರಾರ್ಥನಾಮಂದಿರವನ್ನೂ ಕಟ್ಟಿಸಿದನು. ಈಗ ಕುಟೀರಗಳು ಇಪ್ಪತ್ತರಷ್ಟಿವೆ.

ಕುಟೀರದ ರಚನೆಯನ್ನು ಸ್ವಲ್ಪ ಗಮನಿಸಿರಿ. ಮುಂದೆ ಗೋಡೆ ಸುತ್ತಿದ ಕೈತೋಟ. ಒಳಹೊಕ್ಕರೆ ಬಸವನಹುಳುವಿನ ಚಿಪ್ಪಿನಂತೆ ಬಳಸಿ ಸಾಗುವ ಓಣಿ. ನಡುವೆ ಮಲಗುವ, ಓದುವ ಎಡೆ. ಹಿಮಗಾಲದ ಚಳಿ ಆ ಓಣಿಯಲ್ಲಿಯೇ ತಡೆದು ನಿಲ್ಲುತ್ತದೆ. ಅಲ್ಲಿಯೇ ಸೌದೆಮನೆ, ಪುಟ್ಟ ಪೂಜಾಗೃಹ. ಊಟವು ಗೋಡೆಯ ಕಿಂಡಿಯಿಂದ ಬರುತ್ತಿತ್ತು. ಮನೆಗೆ ಮನೆ ನೆರೆಯಾದರೂ ಒಳಗಿದ್ದವನು ಒಂಟಿ! ಯಾವ ಶಿಲ್ಪಿಯ ಯೋಚನೆಯೋ, ಜಾಣತನ ಮೆಚ್ಚತಕ್ಕದ್ದು.

ಈ ಯತಿಗಳು ಫರ್ ಮರಗಳನ್ನು ಕಡಿದು ಮಾರಿದರು; ಕಡಿದೆಡೆ ಹೊಸ ಸಸಿ ನೆಟ್ಟರು. 1520ರ ಅವರ ನಿಯಮಗ್ರಂಥದಲ್ಲಿ ವನಪಾಲನೆಗೂ ವಿಧಿಗಳುಂಟು. 1866ರಲ್ಲಿ ಸರ್ಕಾರವು ಮಠಗಳ ಆಸ್ತಿಯನ್ನು ಕೈವಶ ಮಾಡಿಕೊಂಡಾಗ, ಶತಮಾನಗಳಿಂದ ಸಾಕಿದ ಆ ಕಾಡೂ ಅವರ ಕೈಬಿಟ್ಟುಹೋಯಿತು. 1993ರಿಂದ ಅದು ರಾಷ್ಟ್ರೀಯ ಉದ್ಯಾನದ ಭಾಗ. ಯತಿಗಳು ಇಂದಿಗೂ ಅಲ್ಲಿದ್ದಾರೆ. ಅವರ ಏಕಾಂತಕ್ಕೆ ಭಂಗ ಬರದಂತೆ ರೊಮುವಾಲ್ದನ ಕುಟೀರವನ್ನು ಯಾತ್ರಿಕರಿಗೆ ತೆರೆದಿಟ್ಟಿದ್ದಾರೆ.