ದುರ್ಗದ ಹಳೆಯ ದೃಶ್ಯಗಳು

ಹಿಂದೆ ಯಾರೋ, ಬೇರಾವುದೋ ಉದ್ದೇಶಕ್ಕೆ ತೆಗೆದ ದೃಶ್ಯಗಳನ್ನು ಹೆಕ್ಕಿ ಹೊಸ ಸಾಕ್ಷ್ಯಚಿತ್ರ ಕಟ್ಟುವ ಕೆಲಸಕ್ಕೆ ಸುಮಾರು ನೂರು ವರ್ಷಗಳ ಇತಿಹಾಸವಿದೆ. 1927ರಲ್ಲಿ ಸೋವಿಯತ್ ಸಂಕಲನಕಾರ್ತಿ ಎಸ್ಫಿರ್ ಶುಬ್, ರಷ್ಯಾದ ಅರಸು ಮನೆತನದ ಪತನದ ಕಥೆಯನ್ನು ಹಳೆಯ ಸುರುಳಿಗಳಿಂದಲೇ ಹೇಳಿದರು. ಅರಮನೆಯ ವೈಭವಕ್ಕೆಂದು ತೆಗೆದ ದೃಶ್ಯಗಳೇ ಅದರ ವಿರುದ್ಧ ಸಾಕ್ಷಿ ನುಡಿದವು.

ಭಾರತದಲ್ಲಿ ಇಂಥ ದೃಶ್ಯಗಳ ದೊಡ್ಡ ಕಣಜ 1948ರಲ್ಲಿ ಆರಂಭವಾದ ಸರ್ಕಾರಿ ಸಂಸ್ಥೆ ಫಿಲ್ಮ್ಸ್ ಡಿವಿಷನ್. ಕಥಾಚಿತ್ರಕ್ಕೆ ಮೊದಲು ಅದರ ವಾರ್ತಾಚಿತ್ರ ತೋರಿಸುವುದು ಚಿತ್ರಮಂದಿರಗಳಿಗೆ ಕಡ್ಡಾಯವಾಗಿತ್ತು. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಹುಟ್ಟಿದ್ದು 1964ರಲ್ಲಿ. ಕನ್ನಡದ ಮಟ್ಟಿಗೆ ಅದು ತಡವೇ: ಕನ್ನಡದ ಮೊದಲ ವಾಕ್ಚಿತ್ರ, 1934ರ ‘ಸತಿ ಸುಲೋಚನ’ದ ಒಂದು ಪ್ರತಿಯೂ ಉಳಿದಿಲ್ಲ.

ಸರ್ಕಾರಿ ಕ್ಯಾಮೆರಾ ಹೋದದ್ದು ಅಧಿಕಾರ ಇದ್ದ ಕಡೆಗೆ. ಚಿತ್ರದುರ್ಗದಲ್ಲಿ ವಕೀಲರಾಗಿದ್ದ ಎಸ್. ನಿಜಲಿಂಗಪ್ಪನವರು ಮುಖ್ಯಮಂತ್ರಿಯಾಗಿ, 1969ರ ಕಾಂಗ್ರೆಸ್ ಒಡಕಿನ ಕಾಲದ ಅಧ್ಯಕ್ಷರಾಗಿ ಅದರ ಕಣ್ಣಿಗೆ ಬಿದ್ದರು. ಅವರು ಭಾಗಿಯಾದ 1939ರ ತುರುವನೂರಿನ ಈಚಲುಮರ ಕಡಿಯುವ ಸತ್ಯಾಗ್ರಹ ನಡೆದಾಗ ಫಿಲ್ಮ್ಸ್ ಡಿವಿಷನ್ನೇ ಇರಲಿಲ್ಲ. ಸಿಕ್ಕ ದೃಶ್ಯಗಳನ್ನಷ್ಟೇ ನಂಬಿದರೆ ಹೋರಾಟಗಾರ ಮರೆಯಾಗಿ ಅಧಿಕಾರಸ್ಥ ಮಾತ್ರ ಉಳಿಯುತ್ತಾನೆ.

ಕಥಾಚಿತ್ರವೂ ದಾಖಲೆಯಾಗಬಲ್ಲದು. ಪುಟ್ಟಣ್ಣ ಕಣಗಾಲರ ‘ನಾಗರಹಾವು’ 1972ರಲ್ಲಿ ತೆರೆಕಂಡಿತು. ಅದರಲ್ಲಿ ಜಯಂತಿ ಅಭಿನಯಿಸಿದ, ಒನಕೆ ಹಿಡಿದು ಕೋಟೆ ಕಾಯ್ದ ಓಬವ್ವನ ಭಾಗ 18ನೇ ಶತಮಾನದ ಪುರಾವೆಯಲ್ಲ. ಆದರೆ ಚಿತ್ರದುದ್ದಕ್ಕೂ ಕಾಣುವ ಬಂಡೆ, ಮೆಟ್ಟಿಲು, ಬತೇರಿಗಳು ಆಗಿನ ಚಿತ್ರದುರ್ಗ ಕೋಟೆ ಹೇಗಿತ್ತೆಂಬುದಕ್ಕೆ ಬಣ್ಣದ ಸಾಕ್ಷ್ಯ. 2018ರಲ್ಲಿ ಚಿತ್ರ ಡಿಜಿಟಲ್ ರೂಪದಲ್ಲಿ ಮತ್ತೆ ಬಂತು. ಹಳೆಯ ಚಿತ್ರವನ್ನು ಅಗಲ ಪರದೆಗೆ ಹೊಂದಿಸುವಾಗ ಮೇಲೆ ಕೆಳಗೆ ಕತ್ತರಿ ಬೀಳುವುದುಂಟು. ಕೋಟೆಯ ಎತ್ತರ ಅಳೆಯಹೊರಟವರಿಗೆ ಮೂಲ ಪ್ರತಿಯೇ ಬೇಕು. ಅನುಮತಿಯೂ ಬೇಕು. 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ಚಲನಚಿತ್ರದ ಹಕ್ಕು, ಬಿಡುಗಡೆಯಾದ ಮುಂದಿನ ವರ್ಷದಿಂದ 60 ವರ್ಷ. ‘ನಾಗರಹಾವು’ ವಿಷಯದಲ್ಲಿ 2032ರ ಕೊನೆಯವರೆಗೆ.

ಈಗ ಸಂಗ್ರಹ ಜನರ ಜೇಬಿನಲ್ಲಿದೆ. ಹಿರಿಯೂರು ಬಳಿ ವೇದಾವತಿಗೆ 1907ರಲ್ಲಿ ಕಟ್ಟಿ ಮುಗಿಸಿದ ಮಾರಿಕಣಿವೆ, ಅಂದರೆ ವಾಣಿವಿಲಾಸ ಸಾಗರ ಜಲಾಶಯ, 1933ರಲ್ಲಿ ಕೋಡಿ ಬಿದ್ದಿತ್ತು. ಮತ್ತೆ ಬಿದ್ದದ್ದು 89 ವರ್ಷಗಳ ನಂತರ, 2022ರಲ್ಲಿ. ಕೋಡಿಯ ಸಂಭ್ರಮವೂ ಹೊಸದುರ್ಗದ ಕಡೆ ಹಿನ್ನೀರು ಹೊಲತೋಟಗಳಿಗೆ ನುಗ್ಗಿದ್ದೂ ಮೊಬೈಲ್‌ಗಳಲ್ಲಿ ದಾಖಲಾದವು. ವಾಟ್ಸ್‌ಆ್ಯಪ್‌ನಲ್ಲಿ ಕೈಬದಲಾದ ವಿಡಿಯೊ ಮಸುಕಾಗುತ್ತದೆ, ತೆಗೆದವರ ಹೆಸರೂ ದಿನಾಂಕವೂ ಕಳಚಿಹೋಗುತ್ತವೆ. ಆ ದಿನಗಳ ಮೂಲ ವಿಡಿಯೊ ಇಟ್ಟುಕೊಂಡವರು ಅದನ್ನು ಅಳಿಸದೆ, ಊರು, ದಿನಾಂಕ, ತೆಗೆದವರ ಹೆಸರು ಬರೆದು ಇನ್ನೊಂದು ಕಡೆಯೂ ಉಳಿಸಿಡಬೇಕು.