ಮಾದಪ್ಪನ ಪದ, ವಿಟ್ಲದ ಮನೋಹರ್

ಹನೂರು ಬಸ್ಸಲ್ಲಿ ಇಯರ್‌ಫೋನ್ ಹಾಕ್ಕೊಂಡು ಕೂತಿರೋರಿಗೂ, ಯಳಂದೂರಲ್ಲಿ ಕೊಳ್ಳೇಗಾಲದ ಬಸ್ಸಿಗೆ ಕಾಯ್ತಿರೋರಿಗೂ.

ಒಂದು ಪ್ರಶ್ನೆ. ‘ಕೋಲುಮಂಡೆ ಜಂಗಮದೇವ’ ಹಾಡಿಗೆ ಸಂಗೀತ ಯಾರದ್ದು? ಶಿವಣ್ಣ ಗೊತ್ತು, ‘ಜನುಮದ ಜೋಡಿ’ ಗೊತ್ತು. ಸಂಗೀತ ಅಂದ್ರೆ ನನ್ನ ಫ್ರೆಂಡ್ಸೆಲ್ಲ ಹಂಸಲೇಖ ಅಂದ್ರು. ಅಲ್ಲ. ವಿ. ಮನೋಹರ್.

ಊರು ದಕ್ಷಿಣ ಕನ್ನಡದ ವಿಟ್ಲ. ಹಾಡು ಬರೆಯೋರು, 1992ರಲ್ಲಿ ಉಪೇಂದ್ರ ಮೊದಲ ಸಲ ನಿರ್ದೇಶನ ಮಾಡಿದ ‘ತರ್ಲೆ ನನ್ಮಗ’ಕ್ಕೆ ಸಂಗೀತ ಕೊಟ್ರು. 1997ರಲ್ಲಿ ‘ಓ ಮಲ್ಲಿಗೆ’ ನಿರ್ದೇಶನವನ್ನೂ ಮಾಡಿದ್ರು. ಇವೆರಡರ ನಡುವೆ, 1996ರಲ್ಲಿ, ನಾಗಾಭರಣ ಅವರ ‘ಜನುಮದ ಜೋಡಿ’. ಅದಕ್ಕೆ ಮನೋಹರ್‌ಗೆ ರಾಜ್ಯ ಪ್ರಶಸ್ತಿ ಬಂತು. ಕೋಲುಮಂಡೆ ಹಾಡಿದ ಎಲ್.ಎನ್. ಶಾಸ್ತ್ರಿ ಅವರಿಗೂ ಬಂತು.

ಆದ್ರೆ ಆ ಹಾಡಿನ ಉಸಿರು ನಮ್ಮ ಕಡೇದು. ದೇವರಗುಡ್ಡರನ್ನ ನೋಡಿದ್ದೀರಲ್ಲ? ಎಡಗೈಯಲ್ಲಿ ಕಂಚಿನ ಬಟ್ಟಲು, ಬಲಗೈಯಲ್ಲಿ ದಾರ ಕಟ್ಟಿದ ತಾಳ. ಕೂತು ಹಾಡಿದ್ರೆ ಮಾದಪ್ಪನ ಕಥೆ ಬೆಳಗಿನ ಜಾವದ ತನಕ. ಎದ್ದು ಬೀಸಿದ್ರೆ ಬೀಸು ಕಂಸಾಳೆ. ರಾತ್ರಿಯಿಡೀ ಹರಿಯೋ ಹಾಡುಗಾರಿಕೇನ ಮನೋಹರ್ ಕ್ಯಾಸೆಟ್ಟಿಗೆ ಹಿಡಿಯೋ ಹಾಗೆ ಐದಾರು ನಿಮಿಷಕ್ಕೆ ಇಳಿಸಿದ್ರು, ಆ ತಾಳದ ಪೆಟ್ಟನ್ನ ಬಿಡದೆ. ಅದು ಸುಲಭದ ಕೆಲಸ ಅಲ್ಲ ಅನ್ನೋದು ನನ್ನ ಅಭಿಪ್ರಾಯ.

ತಮಾಷೆ ನೋಡಿ. 2005ರ ‘ಜೋಗಿ’ಯಲ್ಲಿ ಶಿವಣ್ಣ ಮತ್ತೆ ಕಂಸಾಳೆ ಹಿಡಿದ್ರು, ಪಾತ್ರದ ಹೆಸರೇ ಮಾದೇಶ. ಸಂಗೀತ ಗುರುಕಿರಣ್, ಮಂಗಳೂರಿನೋರು. 2021ರಲ್ಲಿ ನಮ್ಮ ‘ಸೋಜುಗಾದ ಸೂಜುಮಲ್ಲಿಗೆ’ ಕೇಳಿಸಿದ್ದು ‘ಗರುಡ ಗಮನ ವೃಷಭ ವಾಹನ’ದಲ್ಲಿ. ಅದೂ ಮಂಗಳೂರಿನ ಕಥೆ! ಬೆಟ್ಟದ ಮಾದಪ್ಪ ಮೂರು ಸಲವೂ ಕಡಲ ದಾರಿ ಹಿಡಿದೇ ಥಿಯೇಟರಿಗೆ ಬಂದ.

ಮನೋಹರ್ ಹೆಸರು ಮರೆತೋಯ್ತು ಅಂತ ನಾನು ಬೇಜಾರು ಮಾಡ್ಕೊಂಡಿದ್ದೆ. ಆಮೇಲೆ ನೆನಪಾಯ್ತು: ಅವರ ಹೆಸರಾದ್ರೂ ಟೈಟಲ್ ಕಾರ್ಡಲ್ಲಿದೆ. ಅದಕ್ಕಿಂತ ಹಿಂದೆ ಹಾಡ್ತಿದ್ದೋರಿಗೆಲ್ಲ ಸೇರಿ ಒಂದೇ ಹೆಸರು, ‘ಜಾನಪದ’.

ನಾನೂ ಕಮ್ಮಿಯಿಲ್ಲ. ಶಿವರಾತ್ರಿ ಜಾತ್ರೇಲಿ ಬೆಟ್ಟದ ಮೇಲೆ ಒಬ್ಬ ತಾತ ಹಾಡಿದ್ದನ್ನ ಫೋನಲ್ಲಿ ರೆಕಾರ್ಡ್ ಮಾಡಿದೆ. ಇಪ್ಪತ್ತು ನಿಮಿಷ. ಕೈಮುಗಿದು ಬಂದೆ, ‘ತಾತ, ನಿಮ್ಮ ಹೆಸರೇನು’ ಅಂತ ಕೇಳ್ಲಿಲ್ಲ. ಈ ಸಲ ದೀಪಾವಳಿ ಜಾತ್ರೆಗೆ ಹೋಗ್ತಿದ್ದೀನಿ, ಹುಡುಕ್ತೀನಿ. ನೀವು ಯಾರಾದ್ರೂ ಹೀಗೆ ರೆಕಾರ್ಡ್ ಮಾಡಿದ್ರೆ, ಹಾಡಿದೋರ ಹೆಸರು, ಊರು ಕೇಳಿ ಬರ್ಕೊಂಡು ನಮಗೆ ಕಳಿಸಿ. ಮುಂದಿನ ಸಂಚಿಕೇಲಿ ಹೆಸರು ಹೇಳೇ ಹಾಕ್ತೀವಿ.