ನೆರೆಯವರಿಗೆ ತಿಳಿಯದ ನೋವು
(ಮಂಗಳೂರಿನ ಸಭೆಯೊಂದರಲ್ಲಿ ಮಾಡಿದ ಭಾಷಣ)



ಯಹೂದಿ ಎಂದೊಡನೆ ನಮಗೆ ಫೆಲೆಸ್ತೀನ್ ನೆನಪಾಗುತ್ತದೆ. ಅದು ಸಹಜ. ಆದರೆ ಮರ್ದಿತರ ಪರ ನಿಲ್ಲುವವರು ಮರ್ದಿತರ ಧರ್ಮವನ್ನು ವಿಚಾರಿಸಲಾರರು. ಆದ್ದರಿಂದಲೇ ಇಂದು ಎಲೆನ್ ಬೆರ್ ಎಂಬ ಯಹೂದಿ ಯುವತಿಯ ದಿನಚರಿಯನ್ನು ನಿಮ್ಮ ಮುಂದಿಡುತ್ತಿದ್ದೇವೆ.

ಪ್ಯಾರಿಸ್‌ನಲ್ಲಿ ಇಂಗ್ಲಿಷ್ ಸಾಹಿತ್ಯ ಓದುತ್ತಿದ್ದ ಆಕೆ 1942ರ ಎಪ್ರಿಲ್‌ನಲ್ಲಿ ಬರೆಯತೊಡಗಿದಾಗ ನಗರವು ನಾಝಿಗಳ ವಶದಲ್ಲಿತ್ತು. ಮೊದಲ ಪುಟಗಳಲ್ಲಿ ಪುಸ್ತಕ, ಸಂಗೀತ, ಗೆಳೆಯರ ಮಾತೇ ಹೆಚ್ಚು. ಜೂನ್‌ನಲ್ಲಿ ಯಹೂದಿಯರು ಎದೆಯ ಮೇಲೆ ಹಳದಿ ಬಟ್ಟೆಯ ನಕ್ಷತ್ರ ಧರಿಸಬೇಕೆಂಬ ಆಜ್ಞೆ ಜಾರಿಗೆ ಬಂತು. ಅದೇ ತಿಂಗಳು ಆಕೆಯ ತಂದೆಯ ಬಂಧನವಾಯಿತು. ಅವರ ಅಪರಾಧವೇನು? ನಕ್ಷತ್ರವನ್ನು ಸರಿಯಾಗಿ ಹೊಲಿದಿರಲಿಲ್ಲ! ಒಬ್ಬ ಗೃಹಸ್ಥನನ್ನು ಶಿಬಿರಕ್ಕೆ ತಳ್ಳಲು ಅಷ್ಟೇ ಸಾಕಾಯಿತು.

ಇಷ್ಟೆಲ್ಲ ನಡೆಯುತ್ತಿದ್ದರೂ ಇತರರಿಗೆ ಇದರ ಅರಿವೇ ಇಲ್ಲವಲ್ಲ ಎಂಬ ಸಂಕಟ ಆಕೆಯನ್ನು ಬಹುವಾಗಿ ಕಾಡಿತು. ತಿಳಿಸುವುದು ತನ್ನ ಕರ್ತವ್ಯವೆಂದೇ ಆಕೆ ಬರೆದಳು. (ನಮ್ಮ ಓಣಿಯ ನೆರೆಮನೆಯವರ ಸಂಕಟ ನಮಗೆಷ್ಟು ತಿಳಿದಿದೆ?) ಬರೆದ ಹಾಳೆಗಳನ್ನು ತನ್ನ ಭಾವೀ ಪತಿಗೆ ತಲುಪಿಸಲೆಂದು ಮನೆಯ ಅಡುಗೆಯಾಕೆಗೆ ಒಪ್ಪಿಸುತ್ತಿದ್ದಳು.

1944ರ ಮಾರ್ಚ್ 8ರಂದು ಆಕೆಯನ್ನು ಬಂಧಿಸಲಾಯಿತು. ಅದೇ ತಿಂಗಳ 27ರಂದು, ತನ್ನ 23ನೆಯ ಹುಟ್ಟುಹಬ್ಬದ ದಿನವೇ, ಆಶ್‌ವಿಟ್ಸ್‌ಗೆ ಸಾಗಿಸಲಾಯಿತು. 1945ರ ಎಪ್ರಿಲ್‌ನಲ್ಲಿ, ಬಿಡುಗಡೆಗೆ ಕೆಲವೇ ದಿನಗಳಿರುವಾಗ, ಬರ್ಗೆನ್ ಬೆಲ್ಸೆನ್ ಶಿಬಿರದಲ್ಲಿ ಆಕೆ ಕೊನೆಯುಸಿರೆಳೆದಳು. ಅಡುಗೆಯಾಕೆಯ ಕೈಯಲ್ಲಿ ಉಳಿದ ಆ ಹಾಳೆಗಳು 2008ರಲ್ಲಿ ಪುಸ್ತಕವಾಗಿ ಹೊರಬಂದವು.